ಅಪ್ಪಂದಿರ ಮೊಬೈಲಿಗೆ ಬಂದ ಒಟಿಪಿ

ಲಗ್ನ ಸ್ವರ್ಗದಾಗ ನಿಶ್ಚಯ ಆಗ್ತಾವ ಅಂತಾರ. ನಮ್ಮ ಸಮಾಜದಾಗ ಮಾತ್ರ ಅವು ಮೊದಲು ನನ್ನ ಕಡೆ ಬರ್ತಾವ, ಯಾಕಂದ್ರ ಯಾರಿಗೂ ಪಾಸ್‌ವರ್ಡ್ ನೆನಪಿರಂಗಿಲ್ಲ. ಬೀದರ್, ಕಲಬುರಗಿ ಕಡೆಯಿಂದ ಬಂದು ನಾಶಿಕ್, ಸಂಭಾಜಿನಗರದಾಗ ನೆಲೆ ನಿಂತ ನಮ್ಮ ಮಂದಿಗೆ ಒಂದು ವಧು-ವರ ವೆಬ್‌ಸೈಟ್ ಅದ. ಅದರ ಖಾತೆ ತೆಗೆಯೋದು, ಮುಚ್ಚೋದು, ಹೊರಗ ಉಳಿದವರನ್ನ ಒಳಗ ಬಿಡೋದು ನನ್ನ ಕೆಲಸ. ನಾಶಿಕ್‌ದಾಗ ಮನ್ಯಾಗ ಕೂತೇ ಮಾಡ್ತೀನಿ. ಪಗಾರ ಇಲ್ಲ, ಬೈಗಳಕ್ಕೇನೂ ಕಡಿಮಿ ಇಲ್ಲ.

ಊರಿಗೆಲ್ಲ ಒಂದೇ ಕೀಲಿ

ವೆಬ್‌ಸೈಟ್ ಮಾಡಿಸಿದವರು ನಮ್ಮ ಸಮಾಜದ ಅಧ್ಯಕ್ಷರು, ಸಂಭಾಜಿನಗರದ ಬಟ್ಟೆ ವ್ಯಾಪಾರಿ. ತಮ್ಮ ಮಗನ ಲಗ್ನ ಆಗವಲ್ದು ಅನ್ನೋ ಚಿಂತಿಯೊಳಗೇ ಮಾಡಿಸಿದ್ದು, ಹೇಳೋದು ಮಾತ್ರ ಸಮಾಜಸೇವಾ ಅಂತ.

ಮೊದಲನೇ ಸಭಾದಾಗ ನಾನು ಎದ್ದು ನಿಂತು, ಒಬ್ಬೊಬ್ಬರಿಗೂ ಬ್ಯಾರೆ ಪಾಸ್‌ವರ್ಡ್ ಇರಲಿ, ಯಾರಿಗೂ ಹೇಳಬ್ಯಾಡ್ರಿ ಅಂದೆ. ಅಧ್ಯಕ್ಷರಿಗೆ ಭಾಳ ಕೆಟ್ಟ ಅನಿಸ್ತು.

"ನಮ್ಮ ನಮ್ಮೊಳಗ ಮುಚ್ಚಿಡೋದು ಏನದ, ತಂಗಿ?" ಅಂದ್ರು.

ಎಲ್ಲರೂ ಚಪ್ಪಾಳಿ ಹೊಡೆದ್ರು. ಎಲ್ಲಾರಿಗೂ ಒಂದೇ ಪಾಸ್‌ವರ್ಡ್ ಅಂತ ಠರಾವ್ ಆಯ್ತು. ಊಟಕ್ಕ ಕೂಡೂ ಮುಂಚೆ ಅದನ್ನ ಮೈಕ್‌ನಾಗ ಹೇಳಿದ್ರು.

ಖರೆ ಹೇಳ್ತೀನಿ, ಒಬ್ಬರೂ ಕಳವು ಮಾಡಲಿಲ್ಲ. ತಿದ್ದಿದ್ರು ಅಷ್ಟೇ. ಒಬ್ಬಾಕಿ ಕಾಕು ಮತ್ತೊಬ್ಬರ ಖಾತೆಗೆ ಹೋಗಿ, ಅವರ ಮಗಳ ವಯಸ್ಸು ಹೆಚ್ಚಿಗಿ ಮಾಡಿ ಬಂದ್ಲು. ಯಾಕ್ರಿ ಅಂದ್ರ, ಆಕಿ ತೊಟ್ಲಕ್ಕ ನಾನೇ ಹೋಗಿದ್ದೆ, ನನಗ ಗೊತ್ತಿಲ್ಲೇನು ಅಂದ್ಲು. ಆ ಹುಡುಗಿ ಅವ್ವ ಸುಮ್ಮನಿದ್ದಾಳೇನು? ಕಾಕುನ ಮಗನ ಎತ್ತರ ಇಳಿಸಿ, ಕೂದಲಾ ಉದುರ್ಲಿಕತ್ತಾವ ಅಂತ ಸೇರಿಸಿದ್ಲು. ಅಧ್ಯಕ್ಷರ ಮಗನ ಪುಟದಾಗ 'ಸ್ವಭಾವ' ಅನ್ನೋ ಕಡೆ ಯಾರೋ ಪುಣ್ಯಾತ್ಮರು 'ಅಪ್ಪ ಹೇಳಿದಂಗ' ಅಂತ ಬರೆದಿದ್ರು.

ನಾನು ಅಳಿಸಲಿಕ್ಕೆ ಹೋದ್ರ ಅಧ್ಯಕ್ಷರು ತಡೆದ್ರು. "ಇದೊಂದು ಖರೆ ಬರ್ದಾರ, ಇರಲಿ ಬಿಡ್ರಿ" ಅಂದ್ರು.

ಮಗ ಹುಟ್ಟಿದ ಊರು

ಆಮ್ಯಾಲೆ ಎಲ್ಲಾರಿಗೂ ಬ್ಯಾರೆ ಬ್ಯಾರೆ ಪಾಸ್‌ವರ್ಡ್ ಮಾಡಿದೆ. ಮರೆತವರಿಗೆ ಒಂದು ಪ್ರಶ್ನೆ ಇಟ್ಟೆ: ಮಗ ಅಥವಾ ಮಗಳು ಹುಟ್ಟಿದ ಊರು ಯಾವುದು? ಅಧ್ಯಕ್ಷರು ಅದಕ್ಕ ಉತ್ತರ ತುಂಬಿದಾಗ ಅವರ ಊರಿಗೆ ಸಂಭಾಜಿನಗರ ಅನ್ನೋ ಹೊಸ ಹೆಸರು ಇನ್ನೂ ಬಂದಿರಲಿಲ್ಲ. ಅವರು ಪಾಸ್‌ವರ್ಡ್ ಮರೆತಾಗ ಬಂದಿತ್ತು. ಹೊಸ ಹೆಸರು ಹಾಕಿದ್ರು, ವೆಬ್‌ಸೈಟ್ ಒಲ್ಲೆ ಅಂತು. ಮತ್ತ ಹಾಕಿದ್ರು, ಬಾಗಿಲಾ ಮುಚ್ಚಿಕೊಂಡು ಬಿಡ್ತು.

"ಸರಕಾರ ಒಪ್ಪ್ಯಾದ, ಬಸ್ಸಿನ ಬೋರ್ಡ್ ಒಪ್ಪ್ಯಾದ, ನಿಮ್ಮ ವೆಬ್‌ಸೈಟ್ ಯಾವೂರ ದೊಣ್ಣೆನಾಯಕರಿ?" ಅಂತ ಫೋನಿನಾಗ ರೇಗಿದ್ರು.

ಬಾಗಿಲಾ ತೆಗೆದು ಕೊಟ್ಟು, ಒಮ್ಮೆ ಹಳೇ ಹೆಸರು ಹಾಕ್ರಿ ಅಂದೆ. ಪ್ರಾಣ ಹೋದ್ರೂ ನನ್ನ ಕೈಲೆ ಬರಿಯಂಗಿಲ್ಲ ಅಂದ್ರು. ಕಡೀಕ ಅವರ ಹೆಂಡ್ತಿ ಮೊಬೈಲ್ ಕಸಗೊಂಡು ತಾವೇ ಬರೆದ್ರು. ಅಷ್ಟೊತ್ತು ಅಧ್ಯಕ್ಷರು ಹೊರಗ ಬಾಲ್ಕನಿಯಂಥ ಗ್ಯಾಲರಿಯೊಳಗ ಬೆನ್ನು ತಿರುವಿ ನಿಂತಿದ್ರಂತ. ಒಳಗ ಹೋದೆವೇನು ಅಂತ ಅಲ್ಲಿಂದಲೇ ಕೇಳಿದ್ರು.

"ಹೋದೆವು, ಹಳೇ ಊರಿನ ಮ್ಯಾಲೆ ಹಾಯ್ದು" ಅಂದ್ರು ಆಕಿ.

ಹೆಣ್ಣು ನೋಡೋ ದಿನ

ಪ್ರಶ್ನೆ ಸಾಕಪ್ಪಾ ಸಾಕು ಅಂತ ಒಟಿಪಿ ಹಚ್ಚಿದೆ. ಹುಡುಗ-ಹುಡುಗಿ ತಮ್ಮ ತಮ್ಮ ನಂಬರ್ ಕೊಡ್ರಿ ಅಂದ್ರ, ಬಂದವೆಲ್ಲಾ ಅಪ್ಪಂದಿರ ನಂಬರು.

ಒಂದಿನ ಅಧ್ಯಕ್ಷರ ಫೋನ್ ಬಂತು. ದನಿಯೊಳಗ ಸಕ್ಕರಿ. ನಾಶಿಕ್‌ದ ಒಂದು ಹುಡುಗಿ ಜೋಡಿ ಮಗನ ಹೆಸರಿನಾಗ ತಾವೇ ಚಾಟ್ ಮಾಡ್ಲಿಕತ್ತಾರಂತ, ಮಕ್ಕಳಿಗೆ ಬಿಟ್ರ ಕೆಲಸ ಕೆಡ್ತದ ಅಂತ.

"ಇಂಥಾ ಹುಡುಗಿ ಈ ಕಾಲದಾಗ ಸಿಗಂಗಿಲ್ರಿ" ಅಂದ್ರು. ಒಂಬತ್ತಕ್ಕ ಮಲಗ್ತಾಳಂತ. ರಾತ್ರಿ ಅನ್ನ ಉಣ್ಣಂಗಿಲ್ಲಂತ, ಒಂದೇ ಜೋಳದ ರೊಟ್ಟಿ. ಅಪ್ಪಗ ಮೊಳಕಾಲು ನೋವು ಅಂತ ಇವರು ಬರೆದ್ರ, ಯಾವ ಎಣ್ಣಿ ತಿಕ್ಕಬೇಕು ಅಂತನೂ ಹೇಳಿದ್ಲಂತ.

ಮರುದಿನ ಆ ಹುಡುಗಿ ಅಪ್ಪನ ಫೋನ್. ಅವರು ಓಝರ್ ಕಡೆ ಕಾರ್ಖಾನಿಯೊಳಗ ಟೆಕ್ನಿಶಿಯನ್ ಆಗಿ ನಿವೃತ್ತಿ ಆದವರು. ಹುಡುಗ ಭಾಳ ತಿಳುವಳಿಕಿ ಇದ್ದವ, ಮಾತು ತೂಕದ್ದು ಅಂತ ಹೊಗಳಿದ್ರು. ನನಗ ಹೊಟ್ಟ್ಯಾಗ ಸಣ್ಣಗ ನಗಿ ಎದ್ದಿತು, ತಡಕೊಂಡೆ.

ಅಧ್ಯಕ್ಷರು ಮಗನ್ನ ಕರಕೊಂಡು ಹುಡುಗಿ ಮನಿಗೆ ನೋಡಲಿಕ್ಕೆ ಬಂದ್ರು. ಊರಾಗೇ ಇದ್ದೀನಿ ಅಂತ ನನ್ನನ್ನೂ ಕರೆದಿದ್ರು. ಪೋಹೆ, ಚಹಾ ಆಯ್ತು. ಇಷ್ಟು ದಿನ ಚಾಟ್ ಮಾಡೀರಿ, ಈಗ್ಯಾಕ ನಾಚಿಕಿ, ಮಾತಾಡ್ರಿ ಅಂದ್ರು ಹುಡುಗಿ ಅವ್ವ.

ಹುಡುಗ ಹುಡುಗಿನ್ನ ನೋಡ್ದ. ಹುಡುಗಿ ಹುಡುಗನ್ನ ನೋಡಿದ್ಲು. ನಾನು ಚಾಟ್ ಮಾಡೇ ಇಲ್ಲ ಅಂತ ಇಬ್ಬರೂ ಒಟ್ಟಿಗೇ ಮರಾಠಿಯೊಳಗ ಅಂದ್ರು.

ಅಧ್ಯಕ್ಷರ ಮೋತಿ ನೋಡಿ ನನಗ ಖರೇನೇ ಕಳಕಳಿ ಆಯ್ತು. ಮಗನ ಲಗ್ನ ಕೈಗೆ ಬಂದದ್ದು ಬಾಯಿಗೆ ಬರಲಿಲ್ಲ ಅನ್ನೋಹಂಗ ಕೂತಿದ್ರು. ಅಷ್ಟರಾಗ ಟೆಕ್ನಿಶಿಯನ್ ಸಾಹೇಬರು ಮೆಲ್ಲಕ ಕೇಳಿದ್ರು:

"ಮೊಳಕಾಲು ಈಗ ಹೆಂಗ ಅದರಿ?"

"ಆರಾಮ ಅದರಿ" ಅಂದ್ರು ಅಧ್ಯಕ್ಷರು, ನೆಲ ನೋಡಿಕೋತ.

ಮೊದಲು ನಕ್ಕಾಕಿ ಹುಡುಗಿ. ಹುಡುಗನೂ ನಕ್ಕ. ಇಬ್ಬರೂ ಗ್ಯಾಲರಿಗೆ ಹೋದವರು, ಚಹಾ ಆರಿ ತಣ್ಣಗಾದ್ರೂ ಒಳಗ ಬರಲಿಲ್ಲ.

ಮರುದಿನ ನನಗ ಎರಡು ಅರ್ಜಿ ಬಂದ್ವು, ಒಂದು ಹುಡುಗಂದು, ಒಂದು ಹುಡುಗೀದು. ಹೊಸ ಖಾತೆ ಬೇಕು, ತಮ್ಮ ಸ್ವಂತ ನಂಬರಿಗೆ. ಮಾಡಿಕೊಟ್ಟೆ. ಹಿಂದಿಂದನ ಅಧ್ಯಕ್ಷರ ಫೋನ್: ಏನು ಮಾತಾಡ್ತಾರ ನೋಡಬೇಕು, ಪಾಸ್‌ವರ್ಡ್ ಕೊಡ್ರಿ. ಕೊಡಂಗಿಲ್ಲ ಅಂದೆ.

"ಹಂಗಾದ್ರ ನಮ್ಮಿಬ್ಬರ ಹಳೇ ಖಾತೆ ಬಂದ್ ಮಾಡಬ್ಯಾಡ್ರಿ, ತಂಗಿ" ಅಂದ್ರು. "ಬೀಗರು ಇವತ್ತು ಬಿಪಿಗೆ ಏನೋ ಮನಿಮದ್ದು ಹೇಳ್ತೀನಿ ಅಂದಾರ."