ಹಿತ್ತಲಿಗೆ ಹೋದ ಓವನ್

ನಮ್ಮ ಅಥಣಿ ಕಡೆಯ ಗಂಡಸರಿಗೆ ಮೆಚ್ಚಿಕೊಳ್ಳಲು ಬರುವುದಿಲ್ಲ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ನಾವು ಎತ್ತನ್ನು ಮೆಚ್ಚುತ್ತೇವೆ, ಎತ್ತಿನ ಕೋಡನ್ನು ಬೇರೆಯಾಗಿ ಮೆಚ್ಚುತ್ತೇವೆ. ಪಕ್ಕದ ಹೊಲದವನ ಕಬ್ಬನ್ನು ಹೊಟ್ಟೆ ಉರಿಸಿಕೊಂಡಾದರೂ ಮೆಚ್ಚುತ್ತೇವೆ. ದ್ರಾಕ್ಷಿ ಪಡದ ಮುಂದೆ ನಿಂತರಂತೂ ನಮ್ಮ ಬಾಯಿ ಮುಚ್ಚುವುದೇ ಇಲ್ಲ. ಹೆಂಡತಿಯ ಅಡುಗೆಯ ಮಾತು ಬಂದಾಗ ಮಾತ್ರ ಎಲ್ಲಿಲ್ಲದ ಸಂಕೋಚ. ಚೆನ್ನಾಗಿದ್ದರೆ ‘ಇನ್ನೊಂದಿಷ್ಟು ಹಾಕು’ ಎನ್ನುತ್ತೇವೆ. ಬಹಳ ಚೆನ್ನಾಗಿದ್ದರೆ ಸುಮ್ಮನೆ ಉಂಡು, ಕೈ ತೊಳೆದು, ಎದ್ದು ಹೋಗುತ್ತೇವೆ. ನಮ್ಮ ಮನೆಯಲ್ಲಿ ಇದಕ್ಕೂ ಮೇಲಿನ ಒಂದು ಬಿರುದು ಇತ್ತು: ‘ಉಪ್ಪ ಸರಿ ಐತಿ.’ ಅದನ್ನು ಕೊಡುವ ಅಧಿಕಾರ ನಮ್ಮ ಅವ್ವನೊಬ್ಬಳಿಗೇ ಇತ್ತು, ಅವಳು ಅದನ್ನು ಯಾರಿಗೂ ಕೊಟ್ಟದ್ದನ್ನು ನಾನು ನೋಡಿರಲಿಲ್ಲ. ಹೀಗಿದ್ದೂ ನನ್ನ ಹೆಂಡತಿ ಶೋಭಾಳನ್ನು ನಾನು ಮನಸಾರೆ ಮೆಚ್ಚುತ್ತೇನೆ. ಅವಳೆದುರು ಹೇಳಲು ನಾಲಿಗೆ ಹೊರಳುವುದಿಲ್ಲವಾದ್ದರಿಂದ ನಿಮ್ಮೆದುರು ಹೇಳುತ್ತಿದ್ದೇನೆ. ಈ ಮೆಚ್ಚುಗೆ ಶುರುವಾದದ್ದು ಒಂದು ಕುರಿಯ ತೊಡೆಯಿಂದ.

ಎಂಬತ್ತರ ದಶಕದ ಕೊನೆಯ ಮಾತು. ಶೋಭಾ ಮಿರಜದವಳು. ಅವಳ ಅಣ್ಣ ಮಿಲಿಟರಿಯಲ್ಲಿ ದೊಡ್ಡ ಸಾಹೇಬರಿಗೆ ಅಡುಗೆ ಮಾಡಿ ಹಾಕಿ ನಿವೃತ್ತನಾಗಿ ಬಂದವನು. ಒಂದು ದೀಪಾವಳಿಯ ಭಾವಬೀಜಕ್ಕೆ ತಂಗಿ ಆರತಿ ಬೆಳಗಿದಾಗ, ಎಲ್ಲ ಅಣ್ಣಂದಿರಂತೆ ತಟ್ಟೆಯಲ್ಲಿ ಸೀರೆ ಇಡುವುದು ಬಿಟ್ಟು, ತಟ್ಟೆಯ ಪಕ್ಕದಲ್ಲಿ ಒಂದು ಕರೆಂಟಿನ ಓವನ್ ಇಟ್ಟುಬಿಟ್ಟ. ಆಗ ಬರುತ್ತಿದ್ದ ಗುಂಡನೆಯ ಅಲ್ಯುಮಿನಿಯಂ ಓವನ್. ಮುಚ್ಚಳದ ನಡುವೆ ಅಂಗೈಯಗಲದ ಗಾಜು. ಅವ್ವ ಆ ಪಾತ್ರೆಯ ಸುತ್ತ ತಿರುಗಿ ನೋಡಿ, ‘ಇದೇನ ಶೋಭಾ, ಕಿಡಕಿ ಇರೂ ಬೋಗಾಣಿ?’ ಎಂದಳು. ಶೋಭಾ ಒಮ್ಮೆ ಅದರಲ್ಲಿ ನಾನ್‌ಕಟಾಯಿ ಮಾಡಿದಳು. ಅವು ಗೋಡೆಗೆ ಮೊಳೆ ಹೊಡೆಯಲು ಬಹಳ ಉಪಯೋಗಕ್ಕೆ ಬಂದವು. ಆಮೇಲೆ ಓವನ್ನಿನಲ್ಲಿ ಅವ್ವ ಸಂಡಿಗೆ ತುಂಬಿಟ್ಟಳು, ಇರುವೆ ಮುತ್ತುವುದಿಲ್ಲ ಎಂದು.

ಹೀಗಿರುವಾಗ ಅಣ್ಣ ಹೇಳಿ ಕಳಿಸಿದ: ‘ಬರೂ ಐತವಾರ ಬರ್ತೀನಿ. ಓವನ್‌ದಾಗ ಸಾಹೇಬರ ತುಂಡ ಮಾಡ.’ ಸಾಹೇಬರ ತುಂಡು ಎಂದರೆ ಇಷ್ಟೇ. ಕುರಿಯ ತೊಡೆಯನ್ನು ಎಲುಬಿನ ಸಮೇತ ಅಡ್ಡಲಾಗಿ, ಎರಡು ಬೆರಳು ದಪ್ಪಕ್ಕೆ ಕೊಯ್ಯಬೇಕು. ನಡುವೆ ಉಂಗುರದಂತೆ ಎಲುಬು, ಉಂಗುರದೊಳಗೆ ನಳಿ, ಅಂದರೆ ಎಲುಬಿನ ಒಳಗಿನ ಮೆತ್ತನೆಯ ಕೊಬ್ಬು. ಇಡೀ ತುಂಡನ್ನು ಮಸಾಲೆ ಹಚ್ಚಿ ಓವನ್ನಿನಲ್ಲಿ ಇಟ್ಟರೆ, ಬೆಂದು ಬಂದಾಗ ಆ ನಳಿ ನೊರೆನೊರೆಯಾಗಿ ಉಕ್ಕಿ ಮೇಲೆ ಬರುತ್ತದಂತೆ. ಸಾಹೇಬರು ಮೊದಲು ಅದನ್ನು ಚಮಚದಿಂದ ತೆಗೆದು ತಿಂದು ಕಣ್ಣು ಮುಚ್ಚುತ್ತಿದ್ದರಂತೆ.

ಸಮಸ್ಯೆ ಬೇರೆಯೇ ಇತ್ತು. ನಮ್ಮ ಮನೆಯಲ್ಲಿ ಖಂಡ, ಎಂದರೆ ಮಾಂಸ, ಹೊಸ್ತಿಲು ದಾಟುವುದಿಲ್ಲ. ಒಳಗೆ ಮನೆದೇವರು ಕೊಕಟನೂರ ಎಲ್ಲವ್ವನ ಜಗಲಿ. ಖಂಡದ ಅಡುಗೆ ಏನಿದ್ದರೂ ಹಿತ್ತಲಿನ ಮೂರು ಕಲ್ಲಿನ ಒಲೆಯ ಮೇಲೆ, ಬೇರೆ ಪಾತ್ರೆಯಲ್ಲಿ, ಉಣ್ಣುವುದೂ ಅಲ್ಲೇ. ಆದರೆ ಓವನ್ ಹಚ್ಚುವ ದೊಡ್ಡ ಪ್ಲಗ್ಗು ಇದ್ದದ್ದು ಇಡೀ ಮನೆಗೆ ಒಂದೇ, ಅದೂ ಅಡುಗೆಮನೆಯ ಒಳಗೆ. ಅವ್ವ ಸಂಡಿಗೆ ತೆಗೆದು ಓವನ್ ಖಾಲಿ ಮಾಡಿಕೊಟ್ಟು ತೀರ್ಪು ಹೇಳಿದಳು: ‘ಖಂಡ ಒಳಗ ಬರೂದಿಲ್ಲ. ಈ ಐತವಾರ ನಿನ್ನ ಬೋಗಾಣ್ಯಾಗ ಆತಂದ್ರ ಆತು, ಇಲ್ಲಂದ್ರ ಅದರಾಗ ಕೋಳಿ ಕಾವಿಗೆ ಕೂಡಸ್ತೀನಿ.’ ಇದು ಬರಿ ಬೆದರಿಕೆಯಲ್ಲ. ಕಾವಿಗೆ ಬಂದ ಕೋಳಿಯೊಂದು ಆಗಲೇ ಓವನ್ನಿನ ಅಳತೆ ನೋಡಿಕೊಂಡು ಹೋಗಿತ್ತು. ಅಣ್ಣ ಪ್ರೀತಿಯಿಂದ ಕೊಟ್ಟ ವಸ್ತುವಿನಲ್ಲಿ ಅಣ್ಣನ ಕಣ್ಣೆದುರೇ ಕೋಳಿ ಕೂತರೆ ಶೋಭಾಳಿಗೆ ತವರಿನ ಮುಂದೆ ತಲೆ ಎತ್ತುವ ಹಾಗಿರಲಿಲ್ಲ.

ನಾನಾಗಿದ್ದರೆ ಅಲ್ಲಿಗೇ ಕೈಬಿಡುತ್ತಿದ್ದೆ. ಶೋಭಾ ಸೆರಗು ಸರಿಮಾಡಿಕೊಂಡು ಬಹಳ ವಿನಯದಿಂದ ಕೇಳಿದಳು: ‘ಅತ್ತೀ, ಖಂಡ ಒಳಗ ಬರಬಾರದು, ಖರೆ. ಕರೆಂಟ ಹೊರಗ ಹೋಗಬಾರದಂತ ಏನರ ಐತೇನ್ರಿ?’

ಅವ್ವ ಬೆರಳು ಮಡಚಿ ಮಡಚಿ ಎಣಿಸಿ ನೋಡಿದಳು. ನಮ್ಮ ಹಿರಿಯರು ಎಷ್ಟೋ ವಿಷಯಕ್ಕೆ ಕಟ್ಟಳೆ ಮಾಡಿಟ್ಟಿದ್ದರು. ಆದರೆ ಕರೆಂಟು ಎಲ್ಲಿಗೆ ಹೋಗಬೇಕು, ಎಲ್ಲಿಗೆ ಹೋಗಬಾರದು ಎಂದು ಯಾರೂ ಹೇಳಿ ಹೋಗಿರಲಿಲ್ಲ. ಆ ಗಳಿಗೆಯಲ್ಲಿ ಎದ್ದು ನಿಂತು ಚಪ್ಪಾಳೆ ತಟ್ಟಬೇಕೆನ್ನಿಸಿತು ನನಗೆ. ಅವ್ವ ಎದುರಿಗೇ ಇದ್ದಳಲ್ಲ, ಚಪ್ಪಾಳೆಯ ಬದಲು ಕೆಮ್ಮಿದೆ.

ಖಂಡ ತರುವ ಕೆಲಸ ನನ್ನ ಪಾಲಿಗೆ ಬಂತು. ‘ತೊಡಿ ಎಲುಬ ಸಮೇತ ದಪ್ಪ ದಪ್ಪ ಕೊಯ್ಯಪಾ, ಸಣ್ಣ ಮಾಡಬ್ಯಾಡ’ ಎಂದದ್ದಕ್ಕೆ ಅಂಗಡಿಯವನು ಕತ್ತಿ ಕೆಳಗಿಟ್ಟು, ‘ಯಾವ ಜಾತಿ ನಾಯಿ ತಂದೀರಿ ಸಾವಕಾರ್ರ?’ ಎಂದು ವಿಶ್ವಾಸದಿಂದ ವಿಚಾರಿಸಿದ. ನಾಯಿಯ ಬಗ್ಗೆ ಬಾಯಿಗೆ ಬಂದದ್ದು ಏನೋ ಹೇಳಿ ಬಂದೆ. ಶೋಭಾ ಆ ತುಂಡುಗಳಿಗೆ ಮೊಸರು, ಬೆಳ್ಳುಳ್ಳಿ, ಮನೆಯ ಮಸಾಲಿ ಖಾರ ತಿಕ್ಕಿ ಇಟ್ಟಳು. ಅಡುಗೆಮನೆಯ ಕಿಟಕಿಯಿಂದ ಉದ್ದನೆಯ ವೈರು ಎಳೆಸಿ, ದಾರಿಗೆ ಅಡ್ಡವಾಗಿ ಹಿತ್ತಲಿಗೆ ಹಾಯಿಸಿದಳು. ಸಮತಟ್ಟಾದ ಜಾಗ ಬೇರೆ ಇಲ್ಲವೆಂದು ಓವನ್ನನ್ನು ಒಯ್ದು ಮೂರು ಕಲ್ಲಿನ ಒಲೆಯ ಮೇಲೆಯೇ ಕೂಡಿಸಿದಳು. ಬೂದಿಯ ಮೇಲೆ ಫಳಫಳ ಹೊಳೆಯುತ್ತ ಅದು ಹೊಸ ಅಳಿಯನ ಹಾಗೆ ಕೂತಿತ್ತು.

ಐತವಾರ ಅಣ್ಣ ಬಂದ, ಓವನ್ ಹಚ್ಚಿದ್ದಾಯಿತು. ನಾವೆಲ್ಲ ಟಿವಿ ನೋಡುವವರಂತೆ ಆ ಗಾಜಿನ ಸುತ್ತ ಕುಳಿತೆವು. ಅವ್ವ ಮಾತ್ರ ನಮಗೆ ಬೆನ್ನು ಮಾಡಿ ಕಟ್ಟೆಯ ಮೇಲೆ ಅಕ್ಕಿ ಆರಿಸುತ್ತಿದ್ದಳು. ಮಸಾಲಿ ಖಾರದ ಘಮ ಏಳತೊಡಗಿದ ಮೇಲೆ ಅವಳ ಮೊರ ಸ್ವಲ್ಪ ಸ್ವಲ್ಪವೇ ಈ ಕಡೆ ತಿರುಗಿತು, ಮೊರದ ಹಿಂದೆ ಅವ್ವನೂ ತಿರುಗಿದಳು. ಶೋಭಾ ತುಟಿ ಬಿಗಿಹಿಡಿದು ಕೂತಿದ್ದಳು. ಅವಳಿಗೆ ಏನಾದರೂ ಧೈರ್ಯ ಹೇಳಬೇಕೆಂದುಕೊಂಡೆ. ಹೇಳುವ ಬದಲು ಎದ್ದು ಹಿತ್ತಲ ಬಾಗಿಲ ಹತ್ತಿರ ಹೋಗಿ ನಿಂತೆ.

ಈಗ ನಮ್ಮ ಓಣಿಯ ನೀರಿನ ಮಾತು ಹೇಳಲೇಬೇಕು. ಬೀದಿಯ ನಲ್ಲಿಗೆ ನಾವು ಅನ್ನುವುದು ನಳ. ಅದಕ್ಕೆ ನೀರು ಮನಸ್ಸು ಬಂದಾಗ ಬರುತ್ತಿತ್ತು. ಯಾರೋ ಒಬ್ಬರು ‘ನಳಾ ಬಂತು!’ ಎಂದು ಕೂಗಿದರೆ ಉಣ್ಣುವವರು ಊಟ ಬಿಟ್ಟು, ಅಳುವವರು ಅಳು ಬಿಟ್ಟು ಕೊಡ ಹಿಡಿದು ಓಡುತ್ತಿದ್ದರು. ನಮ್ಮ ಮನೆಯ ಓಟಗಾರ ನಾನು.

ಅವ್ವ ಯಾವಾಗ ಮೊರ ಬಿಟ್ಟು ಎದ್ದು ಬಂದು ಗಾಜಿಗೆ ಮೂಗು ಹಚ್ಚಿದಳೋ ಯಾರಿಗೂ ಗೊತ್ತಾಗಲಿಲ್ಲ. ಒಮ್ಮೆಲೇ ಅವಳ ಧ್ವನಿ ಓಣಿಯ ಕೊನೆಯವರೆಗೆ ಮೊಳಗಿತು: ‘ನಳಿ ಬಂತೂ! ನಳಿ ಬಂತೂ!’

ನನ್ನ ಕಿವಿ ಕೇಳಿದ್ದೇನೋ, ಕಾಲು ಮಾಡಿದ್ದೇನೋ! ಎರಡು ಕೊಡ ಎತ್ತಿಕೊಂಡವನೇ ಓಡಿದೆ. ದಾರಿಯಲ್ಲಿ ಕಾಲಿಗೆ ಏನೋ ತೊಡರಿತು, ಝಾಡಿಸಿ ಮುಂದೆ ಓಡಿದೆ. ಅಷ್ಟರಲ್ಲಿ ಇಡೀ ಓಣಿ ನಳದ ಮುಂದೆ ನಿಂತು ಪಾಳಿಗಾಗಿ ಜಗಳ ಶುರುಮಾಡಿತ್ತು. ನಳ ಮಾತ್ರ ಒಣಗಿ ನಿಂತಿತ್ತು. ‘ಯಾರ ಒದರಿದವರು?’ ಎಂದು ಕೇಳುತ್ತ ಎಲ್ಲರೂ ಖಾಲಿ ಕೊಡಗಳೊಂದಿಗೆ ನಮ್ಮ ಹಿತ್ತಲಿಗೇ ಬಂದರು.

ಅವ್ವ ಹಿಂಜರಿಯಲಿಲ್ಲ. ಓವನ್ನಿನ ಪಕ್ಕ ನಿಂತು, ‘ನಾನ ಒದರೀನಿ. ನೀರಿಂದಲ್ಲ, ಎಲುಬಿಂದು. ನಮ್ಮ ಸೊಸಿ ಕರೆಂಟಿನ ಒಲ್ಯಾಗ ನಳಿ ಉಕ್ಕಿಸ್ಯಾಳ, ನೋಡಬರ್ರಿ!’ ಎಂದಳು. ‘ನಿನ್ನ ಬೋಗಾಣಿ’ ಹೋಗಿ ‘ನಮ್ಮ ಸೊಸಿ’ ಆದದ್ದನ್ನು ಶೋಭಾ ಕೇಳಿಸಿಕೊಂಡಳು.

ಓಣಿ ಕರಗಿದ ಮೇಲೆ ಶೋಭಾಳ ಕಣ್ಣಿಗೆ ವೈರು ಬಿತ್ತು. ಅದು ಓವನ್ನಿನಿಂದಲೂ ಪ್ಲಗ್ಗಿನಿಂದಲೂ ಕಿತ್ತು ಬಂದು, ಒಂದು ಸುತ್ತು ಇನ್ನೂ ನನ್ನ ಕಾಲಲ್ಲೇ ಇತ್ತು. ಅವಳು ತುಂಡು ಅರ್ಧಕ್ಕೇ ನಿಂತಿತೆಂದು ಓಡಿಹೋಗಿ ಮುಚ್ಚಳ ತೆಗೆದಳು. ಅಣ್ಣ ತುಂಡಿಗೆ ಚಾಕು ಹಾಕಿದ. ಚಾಕು ಕೇಳಿಕೊಳ್ಳದೆ ಒಳಗಿಳಿಯಿತು. ‘ಅಗಂ ಶೋಭೇ! ಕಡೀಕ ಕರೆಂಟ ಬಂದ್ ಮಾಡಿ, ಆ ಕಾವಿನಾಗ ಹಂಗ ಬಿಡಬೇಕಂತ ನಾ ಹೇಳೂದ ಮರತಿದ್ನಿ. ಸಾಹೇಬರ ಮನ್ಯಾಗ ಇದ ಗುಟ್ಟು. ನಿನಗ ಯಾರ ಹೇಳಿದ್ರು?’

ಶೋಭಾ ಕಣ್ಣು ಮಿಟುಕಿಸದೆ ನನ್ನತ್ತ ಕೈ ತೋರಿಸಿದಳು: ‘ಇವರ ಬಂದ್ ಮಾಡಿದ್ರು.’

‘ವಾಹ್ ಪಾವಣ್ಯಾರ!’ ಎಂದ ಅಣ್ಣ, ಮನೆಯ ಅಳಿಯನಿಗೆ ಸಲ್ಲುವ ಗೌರವದಿಂದ. ನಾನು ಕಾಲಿನ ವೈರನ್ನು ಮೆಲ್ಲಗೆ ಬಿಡಿಸಿಕೊಂಡೆ.

ಮೊದಲ ನಳಿ ಅವ್ವನಿಗೆ. ಅವಳು ಚಮಚ ಒಲ್ಲೆನೆಂದು, ಎಲುಬನ್ನೇ ತುಟಿಗಿಟ್ಟು ಒಂದೇ ಉಸಿರಿಗೆ ಸುರ್ರೆಂದು ಎಳೆದು ಕಣ್ಣು ಮುಚ್ಚಿದಳು. ನಾವು ಕಾದೆವು. ಕಣ್ಣು ತೆರೆದವಳು ಸೊಸೆಯ ಕಡೆ ನೋಡಿ ಹೇಳಿದಳು: ‘ಉಪ್ಪ ಸರಿ ಐತಿ.’ ಮರುವಾರ ಅವ್ವ ತಾನೇ ನಿಂತು ಮೂರು ಕಲ್ಲಿನ ಮೇಲೆ ತಗಡಿನ ಚಪ್ಪರ ಹಾಕಿಸಿದಳು, ಹಿತ್ತಲಿನ ಗೋಡೆಗೆ ಒಂದು ದೊಡ್ಡ ಪ್ಲಗ್ಗನ್ನೂ ಕೂಡಿಸಿದಳು. ಖಂಡ ಒಳಗೆ ಬರಲಿಲ್ಲ, ಓವನ್ ಮಿರಜಕ್ಕೆ ಮರಳಲಿಲ್ಲ, ಕೋಳಿ ಬುಟ್ಟಿಯಲ್ಲೇ ಕಾವು ಮುಗಿಸಿತು.

ಈಗಲೂ ಓಣಿಯ ಹೆಂಗಸರು ಸಾಹೇಬರ ತುಂಡಿನ ರೀತಿ ಕೇಳಿದರೆ ಶೋಭಾ ಎಲ್ಲ ವಿವರಿಸಿ ಕೊನೆಗೆ, ‘ನಳಿ ಬಂದ ಮ್ಯಾಲೆ ಮನಿ ಗಂಡಸರ ಕೈಯಾಗ ಎರಡ ಕೊಡಾ ಕೊಟ್ಟ ಓಡಸಬೇಕ್ರಿ’ ಎನ್ನುತ್ತಾಳೆ. ಅವರು ನಗುತ್ತಾರೆ. ಆದರೆ ಓವನ್ ಹಚ್ಚಿದ ದಿನ ಹಿತ್ತಲ ಬಾಗಿಲಲ್ಲಿ ಎರಡು ಖಾಲಿ ಕೊಡಗಳು ನಿಜವಾಗಿಯೂ ನನಗಾಗಿ ಕಾದಿರುತ್ತವೆ. ಅವ್ವ ಕೂಗಿದ್ದೇ ತಡ, ನಳದಲ್ಲಿ ಹನಿ ನೀರಿಲ್ಲವೆಂದು ಗೊತ್ತಿದ್ದೂ ನಾನು ಎತ್ತಿಕೊಂಡು ಓಡುತ್ತೇನೆ. ಹೆಂಡತಿಯನ್ನು ಬಾಯಿಂದ ಮೆಚ್ಚಲು ಬಾರದವನು ಕಾಲಿನಿಂದಾದರೂ ಮೆಚ್ಚಬೇಕಲ್ಲ.