ಕುಮಾಗೊರೊಗೆ ಸಿಕ್ಕ ಮುಖದ ಪಾತ್ರ

ಬೆಳಗ್ಗೆ ತನ್ನ ತೋಫು ಅಂಗಡಿಯಲ್ಲಿ, ಸೋಯಾ ಹಾಲು ಕುದಿಯುವ ಹಂಡೆಯ ಮುಂದೆ ನಿಂತು ಅತ್ತೆ ತೊಮೆ ಹೇಳಿಬಿಟ್ಟಳು: “ನೋಡಪ್ಪ ಅಳಿಯ, ಇವತ್ತು ಕ್ಯಾಮೆರಾಕ್ಕೆ ನಿನ್ನ ಮುಖ ಬಿದ್ರೆ ಸರಿ. ಇಲ್ಲಾಂದ್ರೆ ಸಿನಿಮಾ ಬಿಟ್ಟು ಅಂಗಡೀಲಿ ಸೋಯಾ ಅರಿ.”

ಮನೆಅಳಿಯ ಕುಮಾಗೊರೊಗೆ ಸಿಗುತ್ತಿದ್ದುದೆಲ್ಲ ಮುಖ ಕಾಣದ ಪಾತ್ರಗಳೇ. ಟೋಕಿಯೋದ ಸ್ಟುಡಿಯೋದಲ್ಲಿ ಮಂಗಳಗ್ರಹದವನಾದಾಗ ತಲೆಗೆ ತಗಡಿನ ಡಬ್ಬಿ. ಯಂತ್ರಮಾನವನಾದಾಗ ಇನ್ನೂ ದೊಡ್ಡ ಡಬ್ಬಿ. ಕಳೆದ ಚಿತ್ರದಲ್ಲಂತೂ ದೈತ್ಯಮೀನಿನ ಬಾಲದೊಳಗಿದ್ದ. ತನ್ನ ಗಂಡ ಯಾವ ತುದಿಯಲ್ಲಿದ್ದಾನೆಂದು ಹೆಂಡತಿಗೇ ತಿಳಿಯಲಿಲ್ಲ.

ಇವತ್ತು ಮಾತ್ರ ಮುಖವೂ ಉಂಟು, ಮಾತೂ ಉಂಟು. ಓಡುವ ಜನರ ನಡುವೆ ನಿಂತು, ಮೇಲೆ ನೋಡಿ, “ಬಂತು, ಓಡಿ” ಎನ್ನಬೇಕು. ಮೇಲಿಂದ ಬರುವ ದೈತ್ಯಮೀನನ್ನು ಆಮೇಲೆ ಚಿತ್ರಕ್ಕೆ ಸೇರಿಸುತ್ತಾರೆ. ಸದ್ಯಕ್ಕೆ ಬಿದಿರು ಗಳುವಿನ ತುದಿಗೆ ಕಟ್ಟಿದ ಕೆಂಪು ಬಟ್ಟೆಯೇ ಅದರ ತಲೆ.

ಅತ್ತೆ ತಾನೂ ಸ್ಟುಡಿಯೋಗೆ ಬಂದಳು, ಸಾಕ್ಷಿಗೆ ತಮ್ಮ ಬೀದಿಯ ಸಾರ್ವಜನಿಕ ಸ್ನಾನದ ಮನೆ ನಡೆಸುವ ಮಿಝೊಗುಚಿ ಅಜ್ಜನನ್ನೂ ಕರೆತಂದಳು. ಅಜ್ಜ ಹೋಗಿ ನಿಂತದ್ದು ಸರಿಯಾಗಿ ಆ ಗಳುವಿನ ಬುಡದಲ್ಲಿ.

ಕ್ಯಾಮೆರಾ ತಿರುಗಿತು. ಕುಮಾಗೊರೊ ಗಳುವಿನತ್ತ ಕಣ್ಣರಳಿಸಿದ. ತನ್ನನ್ನೇ ನೋಡಿದನೆಂದು ಅಜ್ಜ ಸೊಂಟ ಬಾಗಿಸಿ ವಂದಿಸಿದ. ಹಿರಿಯರು ಬಾಗಿದಾಗ ಸೆಟೆದು ನಿಲ್ಲುವುದುಂಟೇ? ಕುಮಾಗೊರೊನೂ ಬಾಗಿದ. ಕ್ಯಾಮೆರಾಕ್ಕೆ ಸಿಕ್ಕಿದ್ದು ನಡುನೆತ್ತಿ.

“ಏನಯ್ಯ, ಮೀನಿನ ಯೋಗಕ್ಷೇಮ ವಿಚಾರಿಸ್ತಿದ್ದೀಯಾ?” ಎಂದ ನಿರ್ದೇಶಕ ಇಸೊಗಾಯ್.

“ತಪ್ಪಾಯ್ತು ಗುರುಗಳೇ.” ಕುಮಾಗೊರೊ ಬಾಗಿದ.

“ತಪ್ಪು ನಂದು.” ಅಜ್ಜ ಇನ್ನೂ ಕೆಳಕ್ಕೆ ಬಾಗಿದ.

“ಛೆ, ನಂದೇ ಅಜ್ಜ.” ಕುಮಾಗೊರೊ ಅದಕ್ಕಿಂತ ಕೆಳಕ್ಕೆ.

ಎರಡನೇ ಸಲ ಕ್ಯಾಮೆರಾ ತಿರುಗಿದಾಗ ಅಜ್ಜ, ತನ್ನಿಂದ ಎಲ್ಲರಿಗೂ ತೊಂದರೆಯಾಯಿತಲ್ಲ ಎಂದು ಇಡೀ ಗುಂಪಿಗೇ ಬಾಗಿದ. ಜೀವ ಉಳಿಸಿಕೊಳ್ಳಲು ಓಡಬೇಕಾದ ಜನವೆಲ್ಲ ನಿಂತು, ಗಾಳಿಗೆ ಸಿಕ್ಕ ಭತ್ತದ ಪೈರಿನಂತೆ ಒಟ್ಟಿಗೆ ಬಾಗಿತು.

ತೊಮೆಯ ತಾಳ್ಮೆ ಕಿತ್ತುಹೋಯಿತು. ಕ್ಯಾಮೆರಾ ಇನ್ನೂ ತಿರುಗುತ್ತಿರುವಾಗಲೇ ಗುಂಪಿನ ನಡುವೆ ನುಗ್ಗಿ ಗಳುವಿನತ್ತ ಕೈ ಚಾಚಿದಳು. “ತಲೆ ಎತ್ರೋ ಮುಠ್ಠಾಳರಾ. ನೆತ್ತಿ ಮೇಲೆ ಬಂದು ನಿಂತಿದೆ, ಕಾಣಲ್ವಾ? ಓಡ್ರೋ.”

ಆ ಕಣ್ಣು, ಆ ಗಂಟಲಿಗೆ ಜನ ನಿಜವಾಗಿಯೇ ಓಡಿತು. ಎಲ್ಲರಿಗಿಂತ ಮುಂದೆ ಕುಮಾಗೊರೊ, ಕ್ಯಾಮೆರಾಕ್ಕೆ ಬೆನ್ನು ಕೊಟ್ಟು.

ಅವನು ಏದುಸಿರು ಬಿಡುತ್ತ ಮರಳಿದಾಗ ನಿರ್ದೇಶಕ ತೊಮೆಯ ಮುಂದೆ ಬಾಗಿ ನಿಂತಿದ್ದ.

“ಅಮ್ಮಾ, ಇಂಥ ಮುಖಾನೇ ನಾನು ಹುಡುಕ್ತಿದ್ದಿದ್ದು. ನಾಳೆಯೂ ಬರಬೇಕು. ಮುಂದಿನ ಚಿತ್ರಕ್ಕೂ ನೀವೇ.”

“ಅಯ್ಯೋ, ನನಗೆಲ್ಲಿ ಬರುತ್ತೆ ಇವೆಲ್ಲ,” ಎಂದು ತೊಮೆ ನಾಚಿ ಕೂದಲು ಸರಿಮಾಡಿಕೊಂಡಳು. “ನಾನು ಬಂದ್ರೆ ಅಂಗಡಿ ನೋಡೋರು ಯಾರು?”

ಇಬ್ಬರೂ ಒಟ್ಟಿಗೆ ಕುಮಾಗೊರೊನ ಕಡೆ ತಿರುಗಿದರು.

“ನೀನು ನಡಿ, ಸೋಯಾ ನೆನೆಹಾಕು,” ಎಂದಳು ಅತ್ತೆ. “ನಂದು ಇನ್ನೊಂದು ಶಾಟ್ ಇದೆಯಂತೆ.”