ಫಿಲಿಪೀನ್ಸಿನ ಡೈರೆಕ್ಟರೂ ನನ್ನ ಭಾಷಣವೂ

ಗೊತ್ತಿಲ್ಲ ಎಂದು ಹೇಳುವುದು ಹೆಚ್ಚು ಓದಿದವರಿಗೆ ಸುಲಭ. ಏಳನೇ ಕ್ಲಾಸಿಗೇ ಶಾಲೆ ಬಿಟ್ಟ ನನ್ನಂಥವನು ಹಾಗೆಂದರೆ ಜನ ತಕ್ಷಣ ನಂಬಿಬಿಡುತ್ತಾರೆ. ಅದಕ್ಕೇ ನಾನು ಆ ಮಾತನ್ನು ಆಡುವುದು ಕಡಿಮೆ. ಹೊಸನಗರದ ಬಸ್ ಸ್ಟ್ಯಾಂಡ್ ಹತ್ತಿರ ಜೀಪು, ಆಟೋ, ಬಸ್ಸುಗಳ ಸೀಟು ಹೊಲಿಯುವುದು ನನ್ನ ಕೆಲಸ. ನಾನು ಹೊಲಿದ ಸೀಟಿನಲ್ಲಿ ಕೂತು ಈ ತಾಲೂಕಿನ ಅರ್ಧ ಜನ ತೀರ್ಥಹಳ್ಳಿಗೆ ಹೋಗಿ ಬಂದಿದ್ದಾರೆ, ಒಬ್ಬರೂ ಸೊಂಟ ನೋವೆಂದಿಲ್ಲ. ಮೆಷಿನ್ನಿನ ಪಕ್ಕ ಫೋನು ನಿಲ್ಲಿಸಿಕೊಂಡು ಫಿಲಿಪೀನ್ಸ್ ದೇಶದ ಹೊಡೆದಾಟದ ಸಿನಿಮಾ ನೋಡುವುದೊಂದೇ ನನ್ನ ಚಟ. ಅದರಲ್ಲೂ ಒಬ್ಬರೇ ಡೈರೆಕ್ಟರದು. ಅವರ ಹೆಸರು ಬರೆಯೋಣವೆಂದರೆ ಪ್ರತಿ ಸಲವೂ ಬೇರೆ ಬೇರೆ ಕಾಗುಣಿತ ಬರುತ್ತದೆ, ಬಿಡಿ.

ಸಾಗರದ ಕಾಲೇಜು ಮೇಷ್ಟ್ರೊಬ್ಬರು ಕಾರಿನ ಸೀಟು ಹೊಲಿಸಲು ಬಂದಾಗ ಆ ಡೈರೆಕ್ಟರ ಜೀವನವನ್ನು ಫೋನಿನಲ್ಲಿ ಹುಡುಕಿ ಓದಿ ಹೇಳಿದರು. ಮೊದಲು ಹೀರೋಗಳ ಬದಲು ಮಹಡಿಯಿಂದ ಬೀಳುತ್ತಿದ್ದರಂತೆ. ಆಮೇಲೆ ಯಾರು ಹೇಗೆ ಬೀಳಬೇಕೆಂದು ಹೇಳಿಕೊಡತೊಡಗಿದರಂತೆ. ಆಮೇಲೆ ಯಾಕೆ ಬೀಳಬೇಕೆಂದು ಕಥೆಯನ್ನೇ ಬರೆದು ಡೈರೆಕ್ಟರಾದರಂತೆ. ಕೇಳಿ ನನಗೆ ಸ್ವಂತ ಅಣ್ಣನ ಸುದ್ದಿ ಕೇಳಿದಷ್ಟು ಹೆಮ್ಮೆಯಾಯಿತು. ನಾನೂ ಮೇಷ್ಟ್ರಿಗೆ ಅವರ ಒಂದು ಸಿನಿಮಾದ ಕಥೆ ಹೇಳಿದೆ. ಅವರು ಬೆರಗಾಗಿ, "ನಮ್ಮ ಸಿನಿಮಾ ಬಳಗದಲ್ಲಿ ಇವರ ಬಗ್ಗೆ ನೀವೇ ಅರ್ಧ ಗಂಟೆ ಮಾತಾಡಬೇಕು" ಎಂದರು. ನಾನು ಒಪ್ಪಿಕೊಂಡೆ. ಲೆಕ್ಚರರುಗಳು ಕೆಳಗೆ, ನಾನು ಮೇಲೆ.

ಆ ಸಿನಿಮಾದಲ್ಲಿ ಮಾತಿನ ಅರ್ಥ ಹೇಳುವ ಅಕ್ಷರಗಳೇನೂ ಕೆಳಗೆ ಬರುವುದಿಲ್ಲ, ಎಲ್ಲಕ್ಕೂ ಕಿವಿಯನ್ನೇ ನಂಬಬೇಕು. ಹೀರೋ ಪೊಲೀಸು. ಅವನ ಹಿಂದೆ ಒಬ್ಬ ಗಡ್ಡದವನು "ಕುಯ್ಯಾ, ಕುಯ್ಯಾ" ಎಂದು ಕೂಗುತ್ತ ಓಡಿಬರುತ್ತಾನೆ. ನಮ್ಮ ಕಡೆ ಹೂವನ್ನೂ ಕುಯ್ಯುತ್ತೇವೆ, ಸೊಪ್ಪನ್ನೂ ಕುಯ್ಯುತ್ತೇವೆ, ಕೋಳಿಯನ್ನೂ ಕುಯ್ಯುತ್ತೇವೆ. ಇದರಲ್ಲಿ ಅನುಮಾನವೆಲ್ಲಿ ಬಂತು? ಗಡ್ಡದವನು ವಿಲನ್, ಹೀರೋನ ಕತ್ತು ಕುಯ್ಯಲು ತನ್ನ ಜನಕ್ಕೆ ಹೇಳುತ್ತಿದ್ದಾನೆ. ಕೊನೆಯಲ್ಲಿ ಹೀರೋ ಅವನನ್ನೇ ತಬ್ಬಿಕೊಂಡು ಅಳುತ್ತಾನೆ. ಕುಯ್ಯಲು ಬಂದವನನ್ನೂ ಕ್ಷಮಿಸುವುದೇ ಈ ಡೈರೆಕ್ಟರ ಜೀವನದ ಸಾರ! ನನ್ನ ಭಾಷಣ ನಿಂತಿದ್ದದ್ದು ಈ ಒಂದು ಕಾಲಿನ ಮೇಲೆ.

ಭಾಷಣದ ಹಿಂದಿನ ದಿನ, ಶನಿವಾರ, ಅರಳಸುರಳಿಯ ವಾಸಣ್ಣ ಓಮ್ನಿಯ ಸೀಟಿಗಾಗಿ ಕಾಯುತ್ತ ಕೂತಿದ್ದರು. ಹಡಗಿನಲ್ಲಿ ಅಡುಗೆ ಮಾಡಿಕೊಂಡಿದ್ದು ಊರಿಗೆ ಮರಳಿದವರು. ಅವರೆದುರೇ ಭಾಷಣದ ಅಭ್ಯಾಸ ಮಾಡಿ, ಆ ದೃಶ್ಯವನ್ನೂ ತೋರಿಸಿದೆ.

"ಮಾರಾಯ, ಅದು ಕುಯ್ಯೋದಲ್ಲ" ಎಂದರು. "ಅವರ ಭಾಷೇಲಿ ಕೂಯಾ ಅಂದ್ರೆ ಅಣ್ಣ. ಹಡಗಲ್ಲಿ ಆ ದೇಶದ ಹುಡುಗ್ರೆಲ್ಲ ನನ್ನ ಹಾಗೇ ಕರೀತಿದ್ರು. ನಿನ್ನ ಅರ್ಥ ಹಿಡಿದ್ರೆ ನಾನು ಕತ್ತಿಲ್ದೆ ಊರಿಗೆ ಬರ್ಬೇಕಿತ್ತು."

"ಹಂಗಾದ್ರೆ ಈ ಗಡ್ಡದವನು?"

"ತಮ್ಮ. ಪಾಪ, ಅಣ್ಣನ್ನ ಉಳಿಸಕ್ಕೆ ಓಡ್ತಿದಾನೆ. ಅವನನ್ನ ನೀನು ಎಷ್ಟು ಜನಕ್ಕೆ ಕೊಲೆಗಾರ ಅಂತ ಹೇಳಿದೀಯ?"

ಲೆಕ್ಕ ಸಿಗಲಿಲ್ಲ. ಮನೆಯಲ್ಲಿ ನನ್ನ ಹೆಂಡತಿ ಸುಮಿತ್ರಾ ಎಲ್ಲ ಕೇಳಿ, "ಜ್ವರ ಅಂತ ಫೋನ್ ಮಾಡಿ. ಮುಖ ನೋಡಿದ್ರೆ ಸುಳ್ಳು ಅಂತ ಯಾರೂ ಹೇಳಲ್ಲ" ಎಂದಳು. ಆಸೆಯಾಗಿದ್ದು ನಿಜ. ಆದರೆ ತಪ್ಪು ಹೊಲಿಗೆಯನ್ನು ಗಿರಾಕಿಯ ಎದುರೇ ಬಿಚ್ಚುವವನು ನಾನು. ಇಸ್ತ್ರಿ ಮಾಡಿದ ಅಂಗಿ ಬೇರೆ ತಯಾರಾಗಿತ್ತು. ಭಾನುವಾರ ಸಾಗರದ ಬಸ್ ಹತ್ತಿದೆ.

ವೇದಿಕೆಯಲ್ಲಿ ಮೊದಲು ನಾನೇ ಕಟ್ಟಿಕೊಂಡಿದ್ದ ಕತ್ತು ಕುಯ್ಯುವ ಕಥೆ ಹೇಳಿ, ಆಮೇಲೆ ಕೂಯಾ ಎಂದರೇನೆಂದು ಹೇಳಿದೆ. ಸಭೆ ಬಿದ್ದು ಬಿದ್ದು ನಕ್ಕಿತು. ಆಗ ಮೇಷ್ಟ್ರು ಕೊನೆಯ ದೃಶ್ಯವನ್ನು ಪರದೆಯ ಮೇಲೆ ಹಾಕಿದರು. ಗಡ್ಡದವನು ಕೂಗುತ್ತ ಓಡಿಬಂದ. ಈ ಸಲ ಯಾರೂ ನಗಲಿಲ್ಲ. ಮುಂದಿನ ಸಾಲಿನ ಹೆಂಗಸೊಬ್ಬರು ಸೆರಗಿನಿಂದ ಕಣ್ಣೊರೆಸಿಕೊಂಡರು. ಚಪ್ಪಾಳೆ ಬಿತ್ತು, ಅದು ನನಗೋ ಡೈರೆಕ್ಟರಿಗೋ ಎಂದು ನಾನು ವಿಚಾರಿಸಲು ಹೋಗಲಿಲ್ಲ.

ಮನೆಗೆ ಬಂದು ಆ ಸಿನಿಮಾವನ್ನು ಮೊದಲಿನಿಂದ ಮತ್ತೊಮ್ಮೆ ನೋಡಿದೆ, ಸರಿಯಾದ ಅರ್ಥ ಇಟ್ಟುಕೊಂಡು. ಸುಳ್ಳು ಹೇಳಬಾರದು, ಡೈರೆಕ್ಟರು ಬರೆದ ಕಥೆಯೂ ಪರವಾಗಿಲ್ಲ.